ಗೋಪುರದ ಮೇಲಿನ ಹುಣಸೆ ಬೀಜ

ದೇವರ ಮುಂದೆ ಇಟ್ಟಿದ್ದ ಎರಡು ಪಾಸ್‌ಪೋರ್ಟುಗಳಲ್ಲಿ ಒಂದೇ ಉಳಿದಿತ್ತು.

ವಿಜಯಾ ತಲೆಗೆ ಒದ್ದೆ ಟವೆಲ್ಲು ಸುತ್ತಿಕೊಂಡು ದೇವರ ಮನೆಯ ಹೊಸ್ತಿಲಲ್ಲೇ ನಿಂತುಬಿಟ್ಟಳು. ಮೂರು ದಿನ ಹೊರಗೆ ಕೂತು, ನಾಲ್ಕನೆಯ ದಿನದ ತಲೆಸ್ನಾನ ಮುಗಿಸಿ, ಆಗಷ್ಟೇ ನಮಸ್ಕಾರ ಮಾಡಲೆಂದು ಬಂದವಳು. ಬೆಳ್ಳಿ ತಟ್ಟೆಯಲ್ಲಿ ಗಂಡ ಶ್ರೀಕಂಠನ ಪಾಸ್‌ಪೋರ್ಟು ಇತ್ತು. ಅದರ ಮೇಲೊಂದು ದಾಸವಾಳ ಇತ್ತು. ಅವಳದು ಇರಲಿಲ್ಲ.

"ನಿರ್ಮಲ—" ಎಂದಳು, ಪಕ್ಕದಲ್ಲಿದ್ದ ನಾದಿನಿಗೂ ಸರಿಯಾಗಿ ಕೇಳಿಸದಷ್ಟು ಮೆಲ್ಲಗೆ. "ನನ್ನದೆಲ್ಲಿ?"

ನಾಳೆ ಸಂಜೆ ಕೊಚ್ಚಿಯಿಂದ ಬೊಂಬಾಯಿಗೆ ವಿಮಾನ. ಅಲ್ಲಿಂದ ವಿಯೆನ್ನಾ. ತುಂಬಾ ಎಂಬಲ್ಲಿನ ರಾಕೆಟ್ ಕೇಂದ್ರದಲ್ಲಿ ವಿಜ್ಞಾನಿಯಾಗಿದ್ದ ಶ್ರೀಕಂಠನಿಗೆ ಅಲ್ಲೊಂದು ವಾರದ ಸಮ್ಮೇಳನ. ಜರ್ಮನಿಯಲ್ಲಿದ್ದ ವಿಜಯಾಳ ಅಣ್ಣ ಅವಳಿಗೂ ಟಿಕೆಟ್ ಕಳಿಸಿದ್ದ. ಮೈಸೂರಿನಿಂದ ಬಂದು ತಿರುವನಂತಪುರದ ಉಳ್ಳೂರಿನಲ್ಲಿ ಮನೆ ಹೂಡಿದ್ದ ಈ ಕುಟುಂಬದಲ್ಲಿ ಹೆಣ್ಣೊಬ್ಬಳು ಸಮುದ್ರ ದಾಟುವುದು ಇದೇ ಮೊದಲು. ಹೊಸ ಪಾಸ್‌ಪೋರ್ಟು, ಹೊಸ ವೀಸಾ ಒಂದು ದಿನದಲ್ಲಿ ಆಗುವ ಮಾತಲ್ಲ. ಅದು ಇಂದೇ ಸಿಗದಿದ್ದರೆ ವಿಜಯಾಳ ಪಾಲಿಗೆ ವಿಯೆನ್ನಾ ಮುಗಿದಂತೆಯೇ.

ವಿಯೆನ್ನಾದ ಆ ವಾರವನ್ನು ಅತ್ತಿಗೆಯ ಜೊತೆ ಕೂತು ಹೆಣೆದವಳು ನಿರ್ಮಲಳೇ. ಬಿ.ಎ. ಮುಗಿಸಿ ಮನೆಯಲ್ಲಿದ್ದ ಹುಡುಗಿ. ನಾಲ್ಕು ಜನ ಸೇರಿದರೆ ಬಾಯಿ ಕಟ್ಟುತ್ತಿತ್ತು, ಡೈರಿಯ ಮುಂದೆ ಮಾತ್ರ ಮಾತು ಬರುತ್ತಿತ್ತು. ಲೈಬ್ರರಿಯ ಪುಸ್ತಕದಿಂದ ವಿಯೆನ್ನಾದ ನಕ್ಷೆಯನ್ನು ದೊಡ್ಡ ಹಾಳೆಗೆ ಇಳಿಸಿದ್ದಳು. ಮಧ್ಯಾಹ್ನದ ಹೊತ್ತು ಇಬ್ಬರೂ ಅದನ್ನು ನೆಲಕ್ಕೆ ಹಾಸಿ, ಚೌಕಾಬಾರದ ಹುಣಸೆ ಬೀಜಗಳನ್ನು ಒಂದೊಂದು ಜಾಗದ ಮೇಲೆ ಇಟ್ಟು ಆಡುತ್ತಿದ್ದರು. ಅಣ್ಣ ಸಮ್ಮೇಳನದಲ್ಲಿರುವಾಗ ಅತ್ತಿಗೆ ಅರಮನೆಯ ತೋಟ ನೋಡಬೇಕು. ಇನ್ನೊಂದು ದಿನ ಟ್ರಾಮಿನಲ್ಲಿ ಊರು ಸುತ್ತಬೇಕು. ಮೊದಲನೆಯ ದಿನವೇ ದೊಡ್ಡ ಇಗರ್ಜಿಯ ಗೋಪುರ ಹತ್ತಬೇಕು. "ಮೆಟ್ಟಿಲು ಎಷ್ಟಾದ್ರೂ ಇರ್ಲಿ ಕಣೇ, ತುದಿಯಿಂದ ಒಂದ್ಸಲ ಕೆಳಗೆ ನೋಡ್ಬೇಕು" ಎನ್ನುತ್ತಿದ್ದಳು ವಿಜಯಾ. ಆದರೆ ಈಚೆಗೆ ಒಂದು ದಿನ ಆ ಬೀಜವನ್ನು ತಾನೇ ಎತ್ತಿ ಪಕ್ಕಕ್ಕಿಟ್ಟಿದ್ದಳು. "ಗೋಪುರ ಬೇಡ ಬಿಡು."

ಅಷ್ಟರಲ್ಲಿ ಬಾಗಿಲಲ್ಲಿ ಕಾರು ನಿಂತಿತು. ಅವರನ್ನು ಕೊಚ್ಚಿಗೆ ಕರೆದೊಯ್ಯಲು ಬಂದ ಕೃಷ್ಣಾನಂದ. ಕೊಚ್ಚಿ ಬಂದರಿನ ವಿಲ್ಲಿಂಗ್ಡನ್ ಐಲ್ಯಾಂಡಿನಲ್ಲಿ ಕಸ್ಟಮ್ಸ್ ಅಧಿಕಾರಿ, ಕಾಸರಗೋಡಿನ ಕಡೆಯವರು, ಶ್ರೀಕಂಠನ ಹಳೆಯ ಸ್ನೇಹಿತರು.

"ಎಂತ ಮಾರಾಯ್ರೆ, ಪ್ರಯಾಣದ ಮನೆಯಲ್ಲಿ ಎಲ್ಲರ ಮುಖ ಹೀಗೆ?" ಎಂದವರು, ಸಂಗತಿ ಕೇಳಿ ಗಂಭೀರವಾದರು. "ಯಾರೂ ಹೊರಗೆ ಹೋಗುವುದು ಬೇಡ. ಹಡಗಿನ ಹೊಟ್ಟೆಯಿಂದ ಕಳ್ಳಸಾಗಣೆಯ ಗಡಿಯಾರ ತೆಗೆದವನು ನಾನು. ಇದೊಂದು ಮನೆ. ಕೊನೆಗೆ ಕಂಡದ್ದು ಯಾರು?"

"ನಾನು," ಎಂದ ಶ್ರೀಕಂಠ. "ನಿನ್ನೆ ರಾತ್ರಿ ದಿನಕರ ಬಂದಿದ್ದ, ನಮ್ಮ ಆಫೀಸಿನವನು. ವೀಸಾ ನೋಡ್ಬೇಕು ಅಂದ. ತಂದು ತೋರಿಸಿದೆ."

"ಅವರಿಗೆ ಹೊಟ್ಟೆಕಿಚ್ಚು ಉಂಟಾ?"

"ಈ ಸಮ್ಮೇಳನಕ್ಕೆ ಅವನ ಹೆಸರೂ ಇತ್ತು. ಬಿಟ್ಟುಹೋಯ್ತು. 'ನೀನು ಹೆಂಡತಿ ಸಮೇತ ಹೊರಟೆ, ನಾನು ಶಂಖುಮುಖದ ಬೀಚಿನಲ್ಲೇ ಕಡಲೆ ತಿಂತೀನಿ' ಅಂತ ನಕ್ಕ. ಆದ್ರೆ ಅವನು ಹೋದ ಮೇಲೆ ನಾನೇ ಎರಡನ್ನೂ ವಾಪಸ್ ಇಟ್ಟೆ."

"ಹಾಗಾದರೆ ಹೊರಗಿನವರ ಕೆಲಸ ಅಲ್ಲ." ಕೃಷ್ಣಾನಂದ ಮನೆಯವರನ್ನೊಮ್ಮೆ ನೋಡಿದರು. "ವಿಜಯಕ್ಕ?"

"ಅವಳು ಮೂರು ದಿನದಿಂದ ಈ ಕಡೆ ಕಾಲಿಟ್ಟಿಲ್ಲ," ಎಂದು ಅತ್ತೆ ಅನಸೂಯಮ್ಮನೇ ಉತ್ತರಿಸಿದರು. ಮಡಿ ಸೀರೆ, ಹಣೆಯಲ್ಲಿ ವಿಭೂತಿ. ಅವರ ಮನೆಯಲ್ಲಿ ಹೊರಗಾದವಳ ನೆರಳು ಸೋಕಿದರೂ ಸ್ನಾನವಾಗಬೇಕು. ಪಕ್ಕದ ಮನೆಯ ಮಲಯಾಳಿ ಹೆಂಗಸರು, ಚೇಚಿಯರು, ಇದನ್ನು ಕಂಡು ನಗುತ್ತಿದ್ದುದುಂಟು.

"ಮತ್ತೆ ದೇವರ ಮನೆಗೆ ಹೋಗುವವರು ನೀವು. ನೀವು ಎಂತ ಕಂಡಿರಿ ಅಮ್ಮ?"

"ನಾನೇನು ಕಾಣೋದು? ನಿನ್ನೆ ಸಂಜೆ ಇವಳಿಗೆ ಬಾವಿಕಟ್ಟೆ ಹತ್ರ ತಲೆ ಸುತ್ತಿ ಬಂತು. ಕೈ ಹಿಡ್ದು ಕೂರಿಸಿ, ಬಂದು ದೀಪ ಹಚ್ಚಿದೆ. ಆಗ ಎರಡೂ ಇತ್ತು. ಬೆಳಗ್ಗೆ ಕಣ್ಣು ಸರಿಯಾಗಿ ಕಾಣ್ಲಿಲ್ಲಪ್ಪ, ಹೂ ಇಟ್ಟು ಬಂದೆ."

ಶ್ರೀಕಂಠ ತಂಗಿಯ ಕಡೆ ತಿರುಗಿದ. "ನಿರ್ಮಲ, ನೀನೇನಾದ್ರೂ...?"

"ನಾನಾ?"

"ಆ ಊರಿನ ಬೀದಿ ಬೀದಿ ಬಾಯಿಪಾಠ ಮಾಡಿದವಳು ನೀನು. ನಿನಗೂ ಹೋಗ್ಬೇಕು ಅಂತ ಇತ್ತಲ್ವಾ? ಬೇಜಾರಲ್ಲಿ ಎತ್ತಿಟ್ಟಿದ್ರೆ ಹೇಳ್ಬಿಡು. ಬೈಯಲ್ಲ."

ನಿರ್ಮಲಳ ಮುಖ ಕಿವಿಯವರೆಗೂ ಕೆಂಪಾಯಿತು. ಕಳ್ಳರ ಮುಖ ಹೀಗೇ ಇರುತ್ತದೆ ಎಂದು ಇವರಿಗೆ ಅನ್ನಿಸುತ್ತಿರಬಹುದೆ? ಅನ್ನಿಸುತ್ತಿತ್ತು. ಕೃಷ್ಣಾನಂದರ ನೋಟ ಅವಳ ಮೇಲೆ ಸ್ವಲ್ಪ ಹೊತ್ತು ಹೆಚ್ಚಾಗಿಯೇ ನಿಂತಿತು.

ಹುಡುಕಾಟ ಶುರುವಾಯಿತು. ಸೂಟ್‌ಕೇಸುಗಳನ್ನು ನೆಲಕ್ಕೆ ಸುರಿದರು. ಅಕ್ಕಿ ಡಬ್ಬಕ್ಕೆ ಮೊಣಕೈವರೆಗೆ ಕೈ ಹಾಕಿದರು. ನಿರ್ಮಲಳ ಪುಸ್ತಕಗಳನ್ನು ಒಂದೊಂದಾಗಿ ಕೊಡವಿದರು. ಅವಳು ಗೋಡೆಗೆ ಆತು ನೋಡುತ್ತ ನಿಂತಳು. ಕೊನೆಗೆ ಹಿತ್ತಲ ಕಡೆಯ ಸಣ್ಣ ಕೋಣೆಯ ಬಾಗಿಲು. ಕೃಷ್ಣಾನಂದ ಇಣುಕಿದರು. ಮೂಲೆಯಲ್ಲಿ ಸುತ್ತಿ ನಿಲ್ಲಿಸಿದ ಕೇದಗೆ ಓಲೆಯ ಚಾಪೆ. ವಿಜಯಾ ಮೂರು ದಿನ ಮಲಗಿದ್ದು. ಮಳೆ ಬಿಟ್ಟು ಬಿಸಿಲು ಬರುವವರೆಗೆ, ನೀರು ಚಿಮುಕಿಸಿ ಒಣಗಿಸುವವರೆಗೆ, ಅದನ್ನು ಯಾರೂ ಮುಟ್ಟುವಂತಿಲ್ಲ.

"ಇದು ಹೆಂಗಸರ ಜಾಗ," ಎಂದು ಅವರು ಹಿಂದೆ ಸರಿದರು.

ಮಧ್ಯಾಹ್ನವಾಯಿತು. ಏನೂ ಸಿಗಲಿಲ್ಲ. ಗಂಡಸರು ಜಗಲಿಯಲ್ಲಿ ಕೂತು, ಟಿಕೆಟ್ ರದ್ದು ಮಾಡಿಸುವುದು ಹೇಗೆಂದು ಮಾತಾಡತೊಡಗಿದರು. ವಿಜಯಾ ಅಳಲಿಲ್ಲ. ಸುರಿದಿದ್ದ ಸೀರೆಗಳನ್ನು ಮತ್ತೆ ಮಡಿಸುತ್ತಿದ್ದಳು. ಆ ಮಡಿಸುವಿಕೆಯನ್ನು ನೋಡಲಾರದೆ ನಿರ್ಮಲ ತನ್ನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು.

ನಕ್ಷೆ ನೆಲದ ಮೇಲೇ ಇತ್ತು. ಬೀಜಗಳೂ ಇದ್ದವು. ಗೋಪುರ ಮಾತ್ರ ಖಾಲಿ.

ಗೋಪುರ ಬೇಡ. ಯಾಕೆ ಬೇಡ? ತುದಿಯಿಂದ ನೋಡಬೇಕು ಎಂದವಳಿಗೆ ಮೆಟ್ಟಿಲು ಯಾಕೆ ಬೇಡವಾಯಿತು? ನಿನ್ನೆ ತಲೆ ಸುತ್ತು ಯಾಕೆ ಬಂತು? ಅಮ್ಮ ಕೈ ಹಿಡಿದು ಕೂರಿಸಿದರಂತೆ. ಕೂರಿಸಿ, ಬಂದು ದೀಪ ಹಚ್ಚಿದರಂತೆ—

ನಿರ್ಮಲ ತಟ್ಟನೆ ಎದ್ದು ನಿಂತಳು.

ಹಿತ್ತಲ ಕೋಣೆಗೆ ಹೋದಳು. ಚಾಪೆಯ ಮುಂದೆ ಅವಳ ಕೈ ಒಂದು ಗಳಿಗೆ ತಡೆಯಿತು. ಹುಟ್ಟಿದಾಗಿನಿಂದ ಕಲಿತದ್ದು ಬೆರಳುಗಳಿಂದ ಅಷ್ಟು ಬೇಗ ಹೋಗುವುದಿಲ್ಲ. ಆಮೇಲೆ ಅದನ್ನು ಮಗುವಿನಂತೆ ಎರಡೂ ತೋಳಲ್ಲಿ ಎತ್ತಿಕೊಂಡು, ನೇರ ಅಡುಗೆಮನೆಯೊಳಗೆ ಬಂದಳು.

ಒಲೆಯ ಮುಂದೆ ಅನಸೂಯಮ್ಮ ಇದ್ದರು. ಬಾಗಿಲ ಪಕ್ಕದಲ್ಲಿ ವಿಜಯಾ.

"ಅಯ್ಯೋ ನಿರ್ಮಲ, ಅದನ್ನ ಇಲ್ಲಿಗೆ ಯಾಕೆ ತಂದೆ?" ವಿಜಯಾ ಗಾಬರಿಯಿಂದ ಕೂಗಿದಳು.

ಅನಸೂಯಮ್ಮ ಮಾತ್ರ ಸೌಟು ಹಿಡಿದ ಕೈಯನ್ನು ಅಲ್ಲಾಡಿಸಲಿಲ್ಲ.

"ನೀನು ಬೈಯ್ಲಿಲ್ಲ ಅಮ್ಮ," ಎಂದಳು ನಿರ್ಮಲ. ಈ ಸಲ ಬಾಯಿ ಕಟ್ಟಲಿಲ್ಲ. "ಬೇರೆ ದಿನ ಆಗಿದ್ರೆ ಈ ಚಾಪೆ ಅಡುಗೆಮನೆಗೆ ಬಂದದ್ದಕ್ಕೆ ಮನೆಯೆಲ್ಲ ತೊಳೆಸ್ತಿದ್ದೆ. ನಿನ್ನೆ ಅತ್ತಿಗೆ ಕೈ ಹಿಡಿದೆ. ಸ್ನಾನ ಮಾಡದೆ ಹಾಗೇ ಬಂದು ದೀಪ ಹಚ್ಚಿದೆ. ನೀನೇ ಹೇಳ್ದೆ, ಎಲ್ಲರ ಮುಂದೆ. ನಮ್ಮ ಯಾರ ಕಿವಿಗೂ ಅದು ಬೀಳ್ಲಿಲ್ಲ. ನೀನು ಯಾವತ್ತಾದ್ರೂ ಹಾಗೆ ಮಾಡ್ತೀಯಾ? ಅತ್ತಿಗೆ ಹೊರಗಾಗಿಲ್ಲ ಅಂತ ನಿನಗೆ ಗೊತ್ತಿತ್ತು."

ವಿಜಯಾ ಜಗಲಿಗೆ ಕೇಳಿಸದಂತೆ ಬಾಗಿಲು ಮುಂದೆ ಮಾಡಿದಳು.

"ಅತ್ತಿಗೆ ಸುಮ್ಮನೆ ಹೊರಗೆ ಕೂತ್ರು. ಕೂರದಿದ್ರೆ ತಿಂಗಳು ತಪ್ಪಿದ್ದು ನಿನಗೆ ಗೊತ್ತಾಗ್ತಿತ್ತು, ಹಾಸಿಗೆ ಬಿಟ್ಟೇಳೋಕೆ ಬಿಡ್ತಿರ್ಲಿಲ್ಲ, ವಿಯೆನ್ನಾ ನಿಲ್ತಿತ್ತು. ಇವತ್ತು ಅವರು ಸ್ನಾನಕ್ಕೆ ಹೋದಾಗ ನೀನು ಪಾಸ್‌ಪೋರ್ಟು ತಂದು ಈ ಮನೆಯಲ್ಲಿ ಯಾರೂ ಮುಟ್ಟದ ಜಾಗದಲ್ಲಿ ಇಟ್ಟೆ. ಇದರಲ್ಲಿ ಮೈಲಿಗೆ ಇಲ್ಲ ಅಂತ ತಿಳಿದವರು ಮಾತ್ರ ಅಲ್ಲಿ ಕೈ ಹಾಕೋಕೆ ಸಾಧ್ಯ. ಅತ್ತಿಗೆ ಬಿಟ್ರೆ ಅದು ನೀನೊಬ್ಬಳೇ."

ಅವಳು ಚಾಪೆ ಬಿಡಿಸಿದಳು. ಕಡುನೀಲಿ ಪುಸ್ತಕ ನೆಲಕ್ಕೆ ಜಾರಿತು.

ಅನಸೂಯಮ್ಮ ಸೌಟು ಕೆಳಗಿಟ್ಟರು. "ಬಾವಿ ಹಿಂದೆ ವಾಂತಿ ಮಾಡ್ಕೋತಿದ್ದದ್ದು ಕೇಳಿಸ್ತು," ಎಂದರು. "ಎರಡು ಸಲ ಹೋಯ್ತಲ್ಲೇ ವಿಜಯಾ. ಎರಡು ಸಲವೂ ಬಟ್ಟೆಯಲ್ಲಿ ಸುತ್ತಿ ಕೊಟ್ಟವಳು ನಾನು. ಈ ಕೈ. ಮೂರನೇದನ್ನ ಸುತ್ತೋ ಶಕ್ತಿ ನನಗಿಲ್ಲ."

"ನನ್ನನ್ನ ಕೇಳ್ಬಹುದಿತ್ತು, ಅತ್ತೆ."

"ಕೇಳಿದ್ರೆ ನೀನು ಸುಳ್ಳು ಹೇಳ್ತಿದ್ದೆ. ಆವತ್ತು ದೇವರ ಮನೆ ಹೊಸ್ತಿಲಲ್ಲಿ 'ಹೊರಗಾದೆ' ಅಂತ ಹೇಳ್ದಂಥದೇ ಇನ್ನೊಂದು."

ವಿಜಯಾ ತಲೆ ತಗ್ಗಿಸಿದಳು. ಆಮೇಲೆ ಎತ್ತಿದಳು. "ಎರಡು ಸಲವೂ ನೀವು ಹೇಳ್ದ ಹಾಗೆ ಮಲಗಿದ್ದೆ. ಮಗ್ಗುಲೂ ಬದಲಾಯಿಸ್ಲಿಲ್ಲ. ಮಲಗಿದ್ದಾಗಲೇ ಹೋಯ್ತು. ಈ ಸಲ ಸೂರು ನೋಡ್ತಾ ಕಾಯೋಕೆ ನನ್ನ ಕೈಲಾಗಲ್ಲ ಅತ್ತೆ. ಒಂದು ವಾರ ಬೇರೇನಾದ್ರೂ ನೋಡ್ಬೇಕು ಅನ್ನಿಸ್ತು, ಅಷ್ಟೆ."

ಒಲೆಯ ಮೇಲೆ ಸಾರು ಕುದಿದು ಉಕ್ಕಿತು. ಯಾರೂ ಇಳಿಸಲಿಲ್ಲ.

ಅನಸೂಯಮ್ಮ ಬಗ್ಗಿ ಪಾಸ್‌ಪೋರ್ಟು ಎತ್ತಿದರು. ಅದನ್ನು ಸೆರಗಿನಿಂದ ಒರೆಸಿದರು. "ನಿನ್ನ ಗಂಡನಿಗೆ ನೀನೇ ಹೇಳು. ಸಂಜೆ ಡಾಕ್ಟರಮ್ಮನ ಹತ್ರ ಹೋಗೋಣ. ಬೇಡ ಅಂದ್ರೆ ನೀನು ಹಟ ಮಾಡ್ಬಾರದು. ಹೋಗು ಅಂದ್ರೆ ನಾನು ಅಡ್ಡ ಬರಲ್ಲ." ನಿರ್ಮಲಳ ಕಡೆ ತಿರುಗಿದರು. "ಕದ್ದವಳು ನಾನು ಅಂತ ನಿನ್ನಣ್ಣನಿಗೆ ನಾನೇ ಹೇಳ್ತೀನಿ. ನಿನ್ನ ಪುಸ್ತಕ ಎಲ್ಲ ಕೊಡವಿದ್ರು, ನೋಡ್ತಾ ನಿಂತಿದ್ದೆ. ಅದು ದೊಡ್ಡ ತಪ್ಪು."

ಸಂಜೆ ಉಳ್ಳೂರಿನ ಡಾಕ್ಟರಮ್ಮ ಬಹಳ ಹೊತ್ತು ಪರೀಕ್ಷಿಸಿದರು. ಹೋಗಬಹುದು, ಆದರೆ ಭಾರ ಎತ್ತಬಾರದು, ಮೆಟ್ಟಿಲು ಹತ್ತಬಾರದು, ದಣಿವಾದ ಕೂಡಲೇ ಕೂತುಬಿಡಬೇಕು ಎಂದರು. ಶ್ರೀಕಂಠ ಹೆಂಡತಿಯ ಕೈಚೀಲ ಇಸಿದುಕೊಂಡ. "ಹಡಗಿನಲ್ಲಿ ಹುಡುಕುವುದು ಸುಲಭ ಮಾರಾಯ್ರೆ," ಎಂದಷ್ಟೇ ಹೇಳಿದರು ಕೃಷ್ಣಾನಂದ, ನಿರ್ಮಲಳಿಗೆ ಕೈ ಮುಗಿದು.

ದೀಪ ಹಚ್ಚಿದ ಮೇಲೆ ಅನಸೂಯಮ್ಮ ಮಗಳ ಕೋಣೆಯ ಬಾಗಿಲಿಗೆ ಬಂದು ನಿಂತರು. ಇಷ್ಟು ದಿನ ಆ ನಕ್ಷೆಯ ಕಡೆ ಕಣ್ಣೆತ್ತಿಯೂ ನೋಡದಿದ್ದವರು ನೆಲದ ಮೇಲೆ ಕೂತರು.

"ಆ ಗೋಪುರ ಎಲ್ಲಿದೆ?"

ನಿರ್ಮಲ ತೋರಿಸಿದಳು.

"ಅದರ ಕೆಳಗೆ ಕೂತ್ಕೊಳ್ಳೋಕೆ ಜಾಗ ಇದೆಯಾ?"

"ಇಗರ್ಜಿ ಒಳಗೆ ಬೆಂಚು ಇರುತ್ತೆ ಅಮ್ಮ."

ಅನಸೂಯಮ್ಮ ಪಕ್ಕಕ್ಕಿದ್ದ ಹುಣಸೆ ಬೀಜವನ್ನು ಎತ್ತಿ ಗೋಪುರದ ಮೇಲಿಟ್ಟರು. ಆಮೇಲೆ ಇನ್ನೊಂದನ್ನು ಹುಡುಕಿ ತೆಗೆದು, ಅದರ ಬುಡದಲ್ಲಿ ಒತ್ತಿ ಇಟ್ಟರು.

"ನಿನ್ನಣ್ಣ ಹತ್ತಿ ನೋಡ್ಕೊಂಡು ಬಂದು ಹೇಳ್ಲಿ," ಎಂದರು. "ಇವರಿಬ್ಬರೂ ಇಲ್ಲಿ ಕೂತಿರ್ಲಿ."