ಕೆಂಡನ ಉಸಿರು

"ಈ ಹಾಡ್ನ ಎಷ್ಟ್ ಸಲ ಬೇಕಾದ್ರೂ ಕೇಳು, ಯಾರಿಗ್ ಬೇಕಾದ್ರೂ ಕೊಡು. ನನ್ನ ತಮ್ಮನ ಉಸಿರಿಗೆ ಮಾತ್ರ ಕತ್ತರಿ ಹಾಕ್ಬೇಡಪ್ಪ."

ಸ್ಟುಡಿಯೋಗೆ ಹೊಸದಾಗಿ ಸೇರಿದ್ದ ಎಡಿಟರ್ ನಕ್ಕುಬಿಟ್ಟ. ಸತ್ತವನಿಗೆಲ್ಲಿಯ ಉಸಿರು ಎಂದು ಬಾಗಿಲಲ್ಲಿ ನಿಂತಿದ್ದ ಆ ಅಕ್ಕನ ಮುಖಕ್ಕೇ ಅಂದ. ಅವಳು ಹೊರಟುಹೋದಳು.

ಅವಳ ತಮ್ಮ ರ್‍ಯಾಪರ್. ಹಾಡುವಾಗಿನ ಬಿಸಿಗೆ ಎಲ್ಲರೂ ಕೆಂಡ ಎಂದೇ ಕರೆಯುತ್ತಿದ್ದರು. ಮೊದಲ ಆಲ್ಬಮ್‌ನಲ್ಲೇ ಅವನು ಸ್ಟುಡಿಯೋ ಧಣಿಯ ಬಣ್ಣ ಬಯಲು ಮಾಡಿದ್ದ. ಧಣಿ ಅದನ್ನು ಬೀರುವಿಗೆ ತುರುಕಿ ಬೀಗ ಜಡಿದ. ಕೊರಗುತ್ತಲೇ ಗಂಟಲು ಹುಣ್ಣಾಗಿ ಕೆಂಡ ಸತ್ತ. ಆದರೆ ಯಾರೋ ಕದ್ದಿಟ್ಟ ಅದರ ಕಾಪಿ ಫೋನಿನಿಂದ ಫೋನಿಗೆ ಹರಿದು, ಲಾರಿ ಡ್ರೈವರುಗಳಿಂದ ಹಾಸ್ಟೆಲ್ ಹುಡುಗರವರೆಗೆ ಎಲ್ಲರ ನಾಲಿಗೆಯ ಮೇಲೂ ಕುಣಿಯತೊಡಗಿತು. ಈಗ ಧಣಿಗೂ ಬಾಯಲ್ಲಿ ನೀರೂರಿತ್ತು. ತನ್ನ ಮೇಲಿನ ಬೈಗುಳ ಕಿತ್ತುಹಾಕಿ, ಹಾಡು ತೊಳೆದು ಬಿಡುಗಡೆ ಮಾಡಬೇಕೆಂದು ಎಡಿಟರಿಗೆ ಒಪ್ಪಿಸಿದ.

ಮೂಲ ಡಿಸ್ಕಿಗೆ ಸತ್ತವನ ಕೂದಲು ಸುತ್ತಿತ್ತು. ಬೀಗ ಹಾಕಿದ್ದ ಬೀರುವಿನೊಳಗೇ ಅಕ್ಕ ಮಾಟ ಮಾಡಿಸಿ ಸುತ್ತಿದ್ದೆಂದು ಸ್ಟುಡಿಯೋದವರು ಯಾರೂ ಅದನ್ನು ಮುಟ್ಟಿರಲಿಲ್ಲ. ಎಡಿಟರ್ ಉಗುರಿನಿಂದ ಕೆರೆದು ಕಿತ್ತ. ಅಂಟಂಟು. ಹಳಸಿದ ಎಣ್ಣೆ, ಕೀವು ಬೆರೆತಂಥ ವಾಸನೆ. ಪ್ಯಾಂಟಿಗೆ ಕೈ ಒರೆಸಿಕೊಂಡು ಕೆಲಸಕ್ಕೆ ಕುಳಿತ.

ಬೈಗುಳಗಳು ಹೋದವು. ಆಮೇಲೆ ಸಾಲುಗಳ ನಡುವಿನ ಉಸಿರು. ಕಫ ಗೊರಗುಟ್ಟುವ, ಒದ್ದೆ ಉಸಿರು. ಕೇಳಿ ಅಸಹ್ಯಪಟ್ಟು ಒಂದೊಂದನ್ನೇ ಅಳಿಸಿದ.

ಊಟದ ಹೊತ್ತಿಗೆ ನಾಲಿಗೆಗೆ ಕೂದಲೊಂದು ತಗುಲಿತು. ಎಳೆದ. ಬಂತು. ಬರುತ್ತಲೇ ಇತ್ತು. ಲೋಳೆ ಮೆತ್ತಿದ ಉದ್ದನೆಯ ಎಳೆ ಗಂಟಲೊಳಗಿಂದ ಜಾರುತ್ತಿತ್ತು. ಅದರ ಹಿಂದೆ ಇನ್ನೊಂದು. ಓಕರಿಸಿದ. ವಾಂತಿಯಲ್ಲಿ ಕೂದಲಿನ ಉಂಡೆ ಬಿತ್ತು. ಉಸಿರು ಕಟ್ಟಿತು. ಹೆಡ್‌ಫೋನ್ ಮೇಜಿನ ಮೇಲಿತ್ತು. ಆದರೂ ಕಿವಿಯೊಳಗೇ ಯಾರೋ ಗೊರಗೊರ ಎಂದರು.

ತೆವಳಿಕೊಂಡೇ ಕಂಪ್ಯೂಟರ್ ಹತ್ತಿರ ಬಂದ. ಬೈಗುಳ ಮರಳಿ ಸೇರಿಸಿದ. ಉಸಿರುಗಳನ್ನೂ ಸೇರಿಸಿದ. ಗಂಟಲು ಸಡಿಲವಾಯಿತು. ಪೂರ್ತಿ ಅಲ್ಲ. ಕೊನೆಯ ಹಾಡಿನ ಕೊನೆಯ ಉಸಿರು ಮೂಲ ಡಿಸ್ಕಿನಲ್ಲೂ, ಜನರ ಫೋನಿನ ಕಾಪಿಗಳಲ್ಲೂ ಮಾಯವಾಗಿತ್ತು. ಕೆಂಡನ ಅಕ್ಕನಿಗೆ ಫೋನ್ ಮಾಡಿ, ತೊದಲುತ್ತಾ ನಿಮ್ಮ ಕಾಲಿಗೆ ಬಿದ್ದೆ ಎಂದ.

"ಅವನದು ಹೋಯ್ತಲ್ಲ," ಎಂದಳು ಅವಳು. "ನಿಂದೇ ಕೊಡು."

ಮೈಕಿಗೆ ಬಾಯಿ ಒಡ್ಡಿ ಎದೆಯಾಳದಿಂದ ಉಸಿರು ಬಿಟ್ಟ. ಏನೋ ಸರಕ್ಕನೆ ಒಳಗಿಂದ ಕಿತ್ತುಹೋಯಿತು. ಕೂದಲು ನಿಂತಿತು. ಅವನ ದನಿಯೂ ನಿಂತಿತು.

ಆ ಉಸಿರನ್ನು ಹಾಡಿನ ಕೊನೆಗೆ ಸೇರಿಸಿ, ಧಣಿಗೆ ಹೇಳದೆ ಅವನೇ ಇಡೀ ಆಲ್ಬಮ್ಮನ್ನು ಸಿಕ್ಕಸಿಕ್ಕವರಿಗೆಲ್ಲ ಕಳಿಸಿ ಕೆಲಸ ಬಿಟ್ಟ. ಜೀವ ಉಳಿಯಿತು. ಆದರೆ ಬಾಯಿ ತೆರೆದರೆ ಮಾತಿಲ್ಲ, ಕೊಳೆತ ಗಾಳಿ ಮಾತ್ರ. ಮಗಳು ಅಪ್ಪನ ಪಕ್ಕ ಮಲಗುವುದನ್ನು ಬಿಟ್ಟಳು. ಹೆಂಡತಿ ತಟ್ಟೆ ದೂರ ಸರಿಸಿಕೊಂಡು ಕೂರುವಳು.

ಒಂದು ಮಧ್ಯಾಹ್ನ ಪಕ್ಕದ ಮನೆಯವರು ಆ ಹಾಡು ಹಾಕಿದ್ದರು. ಕೊನೆಯ ಉಸಿರು ಕೇಳಿಸಿತು. ಹೆಂಡತಿ ತುತ್ತು ಅಲ್ಲೇ ಬಿಟ್ಟು ಬಚ್ಚಲಿಗೆ ಓಡಿದಳು.

"ಥೂ, ಯಾವನ್ರೀ ಅವನು," ಎಂದಳು ಬಾಯಿ ತೊಳೆಯುತ್ತಾ, "ಹೊಟ್ಟೇಲಿ ಹೆಣ ಇಟ್ಕೊಂಡೋನ್ ಥರ ಉಸಿರಾಡ್ತಾನೆ."

ಅವನು ಎರಡೂ ಕೈಗಳಿಂದ ತನ್ನ ಬಾಯಿ ಮುಚ್ಚಿಕೊಂಡ.