ಗೊಂಬೆ ನಗಿಸಿ

"ಈ ಗೊಂಬೆ ಮುಂದೆ ಸೆಟ್ಟಿನ ಮಾತು ಆಡ್ಬೇಡಿ, ಕುಸುನೋಕಿ-ಸಾನ್. ಅದು ಸ್ಟುಡಿಯೋದಲ್ಲಿ ಹುಟ್ಟಿದ್ದಲ್ಲ. ನಾವು ಅಂದಿದ್ದನ್ನ ಅಂದ ಹಾಗೇ ತಗೊಳ್ಳುತ್ತೆ. ಎಲ್ಲಿಂದ ತಂದ್ರೋ ಅಲ್ಲೇ ಬಿಟ್ಟುಬನ್ನಿ."

ನಾಯಕಿ ಸವಾಯೆ ಮೆಲ್ಲಗೆ ಹೇಳಿದಳು. ದೆವ್ವದ ಪಾತ್ರಕ್ಕೆ ಬಳಿದ ಬಿಳಿ ಬಣ್ಣದ ಕೆಳಗೆ ಅವಳ ಸ್ವಂತ ಮುಖವೂ ಬಿಳಿಚಿಕೊಂಡಿತ್ತು.

ನಿರ್ಮಾಪಕ ಕುಸುನೋಕಿ ಸಿಗರೇಟಿನ ಹೊಗೆಯನ್ನು ಆ ಹುಲ್ಲಿನ ಗೊಂಬೆಯ ಮುಖಕ್ಕೇ ಊದಿದ. "ಇಷ್ಟು ವರ್ಷ ಸಿನಿಮಾದಲ್ಲಿ ರಬ್ಬರ್ ರಾಕ್ಷಸರ ಕೈಲಿ ಊರೂರು ತುಳಿಸಿದೀನಿ. ಒಂದಕ್ಕಾದ್ರೂ ಊದುಬತ್ತಿ ಹಚ್ಚಿದ್ನಾ?"

ಪಾಪ, ಅವನ ರಾಕ್ಷಸರಿಗೆ ವಯಸ್ಸಾಗಿತ್ತು. ನೋಡಿದರೆ ಮಕ್ಕಳೂ ಆಕಳಿಸುತ್ತಿದ್ದರು. ಸೆಕೆಗಾಲದಲ್ಲಿ ಜನ ಮೈ ತಣ್ಣಗಾಗಲೆಂದು ದೆವ್ವದ ಚಿತ್ರಗಳಿಗೆ ಮುಗಿಬೀಳುತ್ತಿದ್ದರು. ಸತ್ತ ಹಿರಿಯರನ್ನು ನೆನೆಯುವ ಓಬೋನ್ ಹಬ್ಬದೊಳಗೆ ಅಂಥದ್ದೊಂದನ್ನು ಮುಗಿಸಿಕೊಟ್ಟರೆ ತೆರೆಯ ಮೇಲೆ ಅವನ ಹೆಸರೊಂದನ್ನೇ ದೊಡ್ಡದಾಗಿ ಹಾಕುತ್ತೇವೆ ಎಂದಿತ್ತು ಕಂಪನಿ. ಅಲ್ಲಿಯವರೆಗೂ ಅದು ಮಾಲೀಕರ ಹೆಸರಿನ ಕೆಳಗೆ ಇರುವೆಯಷ್ಟು ಸಣ್ಣಗೆ ಬರುತ್ತಿತ್ತು. ಹೆಂಡತಿ ಕೂಡ ಎಂದೂ ಗುರುತಿಸಿರಲಿಲ್ಲ. ಆ ಒಂದು ಆಸೆಗೆ ಅವನು ಏನು ಮಾಡಲೂ ತಯಾರಿದ್ದ. ಕ್ಯೋಟೋದ ಹೊರಗಿನ ಗುಡಿಯ ಹಿಂದೆ, ಯಾರೋ ಯಾರಿಗೋ ಮಾಟ ಮಾಡಿ ಎದೆಗೆ ಮೊಳೆ ಹೊಡೆದು ಮರಕ್ಕೆ ಜಡಿದಿದ್ದ ಗೊಂಬೆಯನ್ನು ಮೊಳೆ ಸಮೇತ ಕಿತ್ತು ತಂದಿದ್ದ. ಪತ್ರಿಕೆಗಳಿಗೆ ಒಳ್ಳೆಯ ಸುದ್ದಿಯಾಗುತ್ತದೆಂಬುದು ಅವನ ಲೆಕ್ಕ. ದೆವ್ವದ ಚಿತ್ರ ಶುರುಮಾಡುವ ಮುನ್ನ ಗುಡಿಗೆ ಹೋಗಿ ಕೈಮುಗಿಯುವ ಪದ್ಧತಿಯನ್ನೂ ಹೊತ್ತು ಹಾಳೆಂದು ಬಿಟ್ಟಿದ್ದ.

ಹೊರಗೆ ಮಟಮಟ ಮಧ್ಯಾಹ್ನ. ಸೆಟ್ಟಿನೊಳಗೆ ಗವ್ವೆನ್ನುವ ಕತ್ತಲು. ಕಾದ ದೀಪಗಳ, ಹಸಿ ಬಣ್ಣದ ಘಾಟಿನ ಅಡಿಯಿಂದ ಕೊಳೆತ ಹುಲ್ಲಿನ ವಾಸನೆ ಏಳುತ್ತಿತ್ತು. ಸವಾಯೆ ದೃಶ್ಯಕ್ಕೆಂದು ಕಟ್ಟಿದ್ದ ಸೊಳ್ಳೆಪರದೆಯ ಹಿಂದೆ ಹೋಗಿ ನಿಂತಳು. ಗೊಂಬೆ ಅಡ್ಡ ಬರುತ್ತಿದೆ ಎಂದು ಕ್ಯಾಮೆರಾದವನು ಗೊಣಗಿದ.

ನಮ್ಮ ಜಪಾನಿನ ಸೆಟ್ಟುಗಳಲ್ಲಿ ಅಡ್ಡ ಬಂದದ್ದನ್ನು 'ತೆಗೆಯಿರಿ' ಎನ್ನುವುದಿಲ್ಲ, 'ನಗಿಸಿ' ಎನ್ನುತ್ತಾರೆ. ಕುರ್ಚಿ ನಗಿಸಿ, ಹೂಜಿ ನಗಿಸಿ. ಯಾಕೆಂದು ಕೇಳಿದರೆ ಯಾರಿಗೂ ಗೊತ್ತಿಲ್ಲ. ಕುಸುನೋಕಿಯ ನಾಲಿಗೆಯೂ ಅದಕ್ಕೇ ಪಳಗಿತ್ತು.

"ಗೊಂಬೆ ನಗಿಸಿ," ಎಂದ.

ಗೊಂಬೆ ನಕ್ಕಿತು.

ಒಣಹುಲ್ಲನ್ನು ಅಂಗೈಯಲ್ಲಿ ಉಜ್ಜಿದಂಥ ಸಣ್ಣ ಸದ್ದು. ಎಲ್ಲರಿಗೂ ಕೇಳಿಸಿತು. ದೀಪಗಳು ಒಟ್ಟಿಗೇ ಆರಿದವು. ಕುಸುನೋಕಿಯ ಎದೆಯಲ್ಲಿ ಏನೋ ಚುಚ್ಚಿತು. ಮುಟ್ಟಿ ನೋಡಿಕೊಂಡ. ತಣ್ಣನೆಯ ಮೊಳೆಯ ತಲೆ ಬೆರಳಿಗೆ ಸಿಕ್ಕಿತು. ಆಗ ಕತ್ತಲಲ್ಲಿ ಅವನ ದನಿಯೇ ಮಾತಾಡಿತು. ಅವನು ತುಟಿ ತೆರೆದಿರಲಿಲ್ಲ.

"ಅಡ್ಡ ನಿಂತಿದಾನಲ್ಲ, ಆ ಮನುಷ್ಯನ್ನ ನಗಿಸಿ."

ಒಮ್ಮೆ ಕೇಳಿಯೇ ಗೊಂಬೆ ಸೆಟ್ಟಿನ ಮಾತು ಕಲಿತಿತ್ತು. ನಿರ್ಮಾಪಕರ ದನಿ, ನಿರ್ಮಾಪಕರ ಅಪ್ಪಣೆ. ಕೆಲಸಗಾರರ ಕೈಗಳು ಚಾಚಿಕೊಂಡು ಬಂದವು. ಭುಜ ಹಿಡಿದವು. ಕಾಲು ಹಿಡಿದವು. ನಾನು ಕಣ್ರೋ, ಎಂದು ಕಿರುಚಲು ಹೋದ. ನಗು ಬಂತು. ತಡೆದ. ಇನ್ನೂ ಬಂತು. ಉಸಿರು ಸಿಗಲಿಲ್ಲ. ನೆಲ ಸಿಗಲಿಲ್ಲ. ನಕ್ಕ. ನಕ್ಕ. ನಗು ದೂರವಾಗುತ್ತಾ ಹೋಯಿತು.

ದೀಪ ಬಂದಾಗ ಗೊಂಬೆ ಅಲ್ಲೇ ಇತ್ತು, ಎದೆಯಲ್ಲಿ ಮೊಳೆ ಇರಲಿಲ್ಲ. ಕ್ಯಾಮೆರಾದವನು, ಈಗ ಅಡ್ಡವೇನೂ ಇಲ್ಲ, ಶುರುಮಾಡೋಣ ಎಂದ. ನಿರ್ಮಾಪಕರೆಲ್ಲಿ ಎಂದು ಸವಾಯೆ ಕೇಳಿದರೆ, ಯಾವ ನಿರ್ಮಾಪಕರು ಎಂದರು ಎಲ್ಲರೂ.

ಚಿತ್ರ ಓಬೋನ್ ಹಬ್ಬಕ್ಕೆ ಬಂತು. ಕಿಕ್ಕಿರಿದ ಚಿತ್ರಮಂದಿರದಲ್ಲಿ ಸವಾಯೆ ಹಿಂದಿನ ಸಾಲಿನಲ್ಲಿ ಕೂತಿದ್ದಳು. 'ನಿರ್ಮಾಪಕರು' ಎಂಬ ಪದ ಬಂದು ಹೋಯಿತು. ಆಮೇಲೆ ಇಡೀ ತೆರೆ ಕಪ್ಪು. ದೊಡ್ಡ ಹೆಸರೊಂದನ್ನು ಓದುವಷ್ಟು ಹೊತ್ತು ಬರೀ ಕಪ್ಪು, ಅದರೊಳಗಿಂದ ಒಬ್ಬ ಗಂಡಸಿನ ನಗು. ಎಂಥ ಹೊಸ ತಂತ್ರ ಎಂದು ಜನ ಚಪ್ಪಾಳೆ ತಟ್ಟಿದರು.

ಇವಳಿಗೆ ಅಳು ಒತ್ತರಿಸಿ ಬಂತು. ತಾನಾದರೂ ಆ ಹೆಸರನ್ನು ಒಮ್ಮೆ ಹೇಳಬೇಕೆಂದು ಬಾಯಿ ತೆರೆದಳು.

ನಗು ಬಂತು.