ಹೆಬ್ಬಾತನ್ನು ತುಳಿಯದ ಹೆಜ್ಜೆ

ಬಿಳಿ ಪುಡಿಯ ರಾಶಿಯಿಂದ ಒಂದು ಕೈ ಮಾತ್ರ ಹೊರಗೆ ಚಾಚಿತ್ತು. ಬೆರಳಲ್ಲಿದ್ದ ಉಂಗುರ ನೋಡಿಯೇ ಸಾರ್ಜೆಂಟ್ ಟ್ಯಾನಿಸ್ ಯಾರೆಮಾಗೆ ಗುರುತು ಸಿಕ್ಕಿತು. ನಮ್ಮೂರು ಹಾರ್ಲೋದ ಐಸ್ ಹಾಕಿ ತಂಡ ಕಪ್ ಗೆದ್ದ ವರ್ಷ ಆಟಗಾರರಿಗೆಲ್ಲ ಹಂಚಿದ್ದ ಉಂಗುರ ಅದು. ಸತ್ತವನು ಮೈರನ್ ಕೋವಲ್, ಊರಿನ ಐಸ್ ಅರೀನಾದ ಮ್ಯಾನೇಜರ್.

ಅರೀನಾ ಎಂದು ನಮ್ಮೂರಲ್ಲಿ ಯಾರೂ ಕರೆಯುವುದಿಲ್ಲ. ಕೊಟ್ಟಿಗೆ ಅನ್ನುತ್ತೇವೆ. ಯುದ್ಧ ಮುಗಿಸಿ ಬಂದ ಸೈನಿಕರು ಹಳೆಯ ವಿಮಾನ ಶೆಡ್ಡಿನ ತೊಲೆಗಳನ್ನು ಎಳೆದು ತಂದು ಕಟ್ಟಿದ್ದು. ಚಳಿಗಾಲ ಪೂರ್ತಿ ಹಾಕಿ ಆಟ. ಬೇಸಿಗೆಯಲ್ಲಿ ಐಸ್ ಕರಗಿಸಿ ಬೀಜದ ಮೇಳ, ಮದುವೆ ಕುಣಿತ, ಶಾಲೆಯ ಬೀಳ್ಕೊಡುಗೆ. ನದಿ ಉಕ್ಕಿದ ವರ್ಷ ಅರ್ಧ ಊರು ಅಲ್ಲೇ ಮಲಗಿತ್ತು. ಟ್ಯಾನಿಸ್‌ಳ ಅಪ್ಪನ ಶವಪೆಟ್ಟಿಗೆಯನ್ನು ಇಟ್ಟಿದ್ದೂ ಅಲ್ಲೇ, ಮೈದಾನದ ನಟ್ಟನಡುವೆ. ಈಗ ಅದನ್ನು ಕೆಡವಬೇಕೋ ಉಳಿಸಬೇಕೋ ಎಂದು ಊರು ಎರಡು ಪಾಲಾಗಿತ್ತು.

ಆಗಸ್ಟ್ ಕೊನೆ. ಹೊಸ ಐಸ್ ಕಟ್ಟುವ ಕಾಲ. ಐಸಿಗೆ ಬಿಳುಪು ತಾನಾಗಿ ಬರುವುದಿಲ್ಲ, ಪುಡಿ ಕಲಸಿ ಸಿಂಪಡಿಸಬೇಕು. ಆ ಪುಡಿಯ ಚೀಲಗಳನ್ನು ನಮ್ಮ ತಂಡದ ಡ್ರೆಸ್ಸಿಂಗ್ ರೂಮಿನ ಹಿಂಗೋಡೆಯ ಕಪಾಟಿನಲ್ಲಿ ಒಟ್ಟಿದ್ದರು. ಕಪಾಟು ಮೈರನ್ ಮೇಲೆ ಮಗುಚಿ, ಚೀಲಗಳು ಒಡೆದು, ನೆಲವೆಲ್ಲ ಗಿರಣಿಯ ನೆಲದಂತೆ ಬೆಳ್ಳಗಾಗಿತ್ತು.

ಪುಡಿಯ ಮೇಲೆ ಎರಡು ಜೊತೆ ಹೆಜ್ಜೆ. ಒಂದು ಕ್ಯಾನ್ವಾಸ್ ಶೂಗಳದ್ದು, ಇನ್ನೊಂದು ರಬ್ಬರ್ ಬೂಟಿನದ್ದು.

ಶೂ, ಬೂಟು ಎರಡೂ ರೊಡೆಲ್ ಮಗ್ಸಿನೋನವು. ಕೊಟ್ಟಿಗೆಯ ನೆಲ ಒರೆಸುವ, ಐಸ್ ನುಣುಪು ಮಾಡುವ ಗಾಡಿ ಓಡಿಸುವ ಫಿಲಿಪೈನ್ಸಿನ ಮನುಷ್ಯ. ಹೆಣ ಕಂಡು ಪೊಲೀಸರಿಗೆ ಫೋನ್ ಮಾಡಿದವನೂ ಅವನೇ.

"ಬೂಟು ಯಾಕೆ ತೊಳೆದೆ?" ಟ್ಯಾನಿಸ್ ಕೇಳಿದಳು.

"ಬೆಳಿಗ್ಗೆ ಬಂದಾಗ ಬಾಗಿಲ ಹೊರಗೆ ಬಿದ್ದಿತ್ತು ಮೇಡಂ, ಬಿಳೀ ಆಗಿ. ಹುಡುಗರ ಕಿತಾಪತಿ ಅಂದ್ಕೊಂಡೆ. ತೊಳೆದು ಗೂಟಕ್ಕೆ ನೇತು ಹಾಕ್ದೆ. ಆಮೇಲೆ ಬಾಗಿಲು ತೆಗೆದ್ರೆ ಮೈರನ್ ಸಾರ್ ಕೈ ಕಾಣಿಸ್ತು. ಹತ್ರ ಓಡಿದೆ. ಮೈ ತಣ್ಣಗಾಗಿತ್ತು."

"ಮೊನ್ನೆ ಅವರ ಜೊತೆ ಜಗಳ ಆಯ್ತಂತೆ?"

"ಜಗಳ ಏನಿಲ್ಲ, ಬೈದ್ರು. ನೆಲ ಒರೆಸ್ವಾಗ ಹೆಬ್ಬಾತಿನ ಮೇಲೆ ನಿಂತಿದ್ದೆ ಅಂತ. ಒಂಬತ್ತು ವರ್ಷದಿಂದ ಇದೇ ರಾಮಾಯಣ. ಮೇಲೆ ನಿಲ್ಲದೆ ಒರೆಸೋದು ಹೇಗೆ, ನೀವೇ ಹೇಳಿ?"

ಕೋಣೆಯ ನಡು ನೆಲದಲ್ಲಿ ರೆಕ್ಕೆ ಬಿಚ್ಚಿದ ಹೆಬ್ಬಾತಿನ ಚಿತ್ರವಿದೆ, ತಂಡದ ಗುರುತು. ಅದನ್ನು ತುಳಿಯಬಾರದು. ನಮ್ಮೂರ ಮಕ್ಕಳಿಗೆ ಅಕ್ಷರಕ್ಕಿಂತ ಮೊದಲು ಕಲಿಸುವ ಪಾಠ ಅದು. ಈಗ ಅದು ಪುಡಿಯಡಿ ಪೂರ್ತಿ ಮುಚ್ಚಿಹೋಗಿತ್ತು.

ಮೇಲಧಿಕಾರಿ ಫೋನಿನಲ್ಲೇ ತೀರ್ಪು ಕೊಟ್ಟುಬಿಟ್ಟ. "ಬೂಟು ಅವನದ್ದು, ಬೀಗದ ಕೈ ಅವನ ಹತ್ರ, ಜಗಳಾನೂ ಆಗಿದೆ. ಇನ್ನೇನ್ ಬೇಕು? ಒಳಗೆ ಹಾಕು. ನಾಳೆ ಕೇಸು ಹಾಕೋಣ."

ಫೋನಿನ ಮಾತು ರೊಡೆಲ್‌ಗೂ ಕೇಳಿಸಿತ್ತು. "ಮೇಡಂ, ಹೆಂಡ್ತಿ ಮಗಳು ಅಕ್ಟೋಬರ್‌ಗೆ ಬರ್ತಾರೆ. ಪೇಪರ್ ಎಲ್ಲಾ ಆಗಿದೆ. ಕೇಸು ಬಿದ್ರೆ ಅವರು ಬರೋದಿರ್ಲಿ, ನನ್ನನ್ನೇ ವಾಪಸ್ ಅಟ್ತಾರೆ."

ಹೊರಗೆ ಜನ ಸೇರಿದ್ದರು. ಮುಂದೆ ಡೆಲ್ಬರ್ಟ್ ಫ್ರೀಸನ್. ಕಪ್ ಗೆದ್ದ ತಂಡದ ಕ್ಯಾಪ್ಟನ್, ಈಗ ನಗರಸಭೆಯ ಸದಸ್ಯ. ಎದೆಯ ಮೇಲೆ 'ಕೊಟ್ಟಿಗೆ ಉಳಿಸಿ' ಬಿಲ್ಲೆ. ಕಣ್ಣು ಕೆಂಪಗಾಗಿತ್ತು.

"ಟ್ಯಾನಿಸ್, ಪುಟ್ಟೀ," ಅವನು ಅವಳ ತೋಳು ಹಿಡಿದ. "ನಿಮ್ಮಪ್ಪ, ನಾನು, ಮೈರನ್ ಒಂದೇ ಬೆಂಚಲ್ಲಿ ಕೂತೋರು ಕಣಮ್ಮ. ಈ ಹೊರಗಿನವರಿಗೆ ಏನ್ ಗೊತ್ತು ಇದರ ಬೆಲೆ?"

ಜನ ತಲೆಯಾಡಿಸಿದರು. ರೊಡೆಲ್ ತಲೆ ತಗ್ಗಿಸಿ ಜೀಪು ಹತ್ತಿದ. ಅವರ ಮಕ್ಕಳ ಸ್ಕೇಟಿಗೆ ಲೇಸು ಕಟ್ಟಿದ್ದ ಮನುಷ್ಯನ ಮುಖವನ್ನು ಒಬ್ಬರೂ ನೋಡಲಿಲ್ಲ. ಥೂ, ನಮ್ಮೂರೇ!

* * *

ಟ್ಯಾನಿಸ್‌ಗೆ ಮೊದಲು ಅನುಮಾನ ಬಂದದ್ದು ಕ್ರೇಗ್ ಆಡಿಸನ್ ಮೇಲೆ. ವಿನಿಪೆಗ್‌ನಿಂದ ಬಂದ ಗುತ್ತಿಗೆದಾರ. ಕೊಟ್ಟಿಗೆ ಕೆಡವಿ ಅಂಗಡಿ ಸಾಲು ಕಟ್ಟುವ ಆಸೆ. ಹೋಟೆಲಿನಲ್ಲಿ ಆಲೂಗಡ್ಡೆ ಕಡುಬು ಮುರಿಯುತ್ತ ಕೂತಿದ್ದ.

"ಮೈರನ್ ನಿಮ್ಮ ದಾರಿಗೆ ಮುಳ್ಳಾಗಿದ್ದ. ಈಗ ಮುಳ್ಳು ಹೋಯ್ತು," ಅವಳು ಎದುರು ಕುಳಿತಳು.

ಆಡಿಸನ್ ಚಮಚ ಕೆಳಗಿಟ್ಟ. "ಮುಳ್ಳಲ್ಲ, ನನ್ನ ಅದೃಷ್ಟಾನೇ ಹೋಯ್ತು. ನಿನ್ನೆ ಮಧ್ಯಾಹ್ನ ಅವನೇ ಫೋನ್ ಮಾಡಿದ್ದ. ಕೊಟ್ಟಿಗೆ ಮುಚ್ಚಿಸ್ತೀನಿ, ಆದ್ರೆ ಅಲ್ಲಿ ಮಕ್ಕಳು ಆಡೋಕೆ ಏನಾದ್ರೂ ಕಟ್ಟಿಕೊಡ್ತೀಯಾ ಅಂತ ಕೇಳ್ದ. ಮಾತು ಕೊಟ್ಟೆ."

"ಮೈರನ್? ಮುಚ್ಚಿಸ್ತೀನಿ ಅಂದನಾ?"

"ನನಗೂ ನಂಬಿಕೆ ಬರ್ಲಿಲ್ಲ. ನಾಳೆ ನಗರಸಭೆ ಮೀಟಿಂಗಿಗೆ ಬಾ, ಯಾಕೆ ಅಂತ ಕಣ್ಣಾರೆ ತೋರಿಸ್ತೀನಿ ಅಂದ."

ಲಾಕಪ್ಪಿಗೆ ಹೋಗಿ, ಮೈರನ್ ಏನು ತೋರಿಸಲಿದ್ದ ಎಂದು ರೊಡೆಲ್‌ನನ್ನು ಕೇಳಿದಳು. ಅವನು ನಿಟ್ಟುಸಿರು ಬಿಟ್ಟ.

"ಪೈಪು ಮೇಡಂ. ಐಸ್ ಕಟ್ಟೋಕೆ ಅಮೋನಿಯಾ ಹರಿಯೋ ಪೈಪು ತುಕ್ಕು ಹಿಡಿದು ಹಪ್ಪಳ ಆಗಿದೆ. ಮೈರನ್ ಸಾರ್ ಒಂದು ತುಂಡು ಕೊಯ್ದು ಕೋಟಿನ ಜೇಬಲ್ಲಿ ಇಟ್ಕೊಂಡ್ರು. ಗ್ಯಾಸ್ ಸೋರಿದ್ರೆ ಮಕ್ಕಳು ಉಳಿಯಲ್ಲ, ಸಭೆಗೆ ತೋರಿಸ್ತೀನಿ ಅಂದ್ರು. ಅಳ್ತಿದ್ರು."

ಹೆಣದ ಮೇಲಿದ್ದ ಕೋಟಿನ ಜೇಬಲ್ಲಿ ಪೈಪಿನ ತುಂಡು ಇರಲಿಲ್ಲ.

* * *

ಟ್ಯಾನಿಸ್ ಮತ್ತೆ ಡ್ರೆಸ್ಸಿಂಗ್ ರೂಮಿಗೆ ಬಂದಳು. ಜೊತೆಗೆ ಟೊರಾಂಟೊದಿಂದ ಬಂದ ಹೊಸ ಕಾನ್‌ಸ್ಟೇಬಲ್ ಇವಾನ್ಸ್. ಹೆಜ್ಜೆ ಗುರುತು ಕೆಡದಂತೆ ಗೋಡೆ ಪಕ್ಕದಿಂದಲೇ ಹೆಣ ಸಾಗಿಸಿ ಆಗಿತ್ತು, ಫೋಟೊ ಮತ್ತು ಅಳತೆಯೂ ಮುಗಿದಿತ್ತು. ಡಾಕ್ಟರ್ ಹೇಳಿದ್ದು ಅವಳ ತಲೆಯಲ್ಲಿ ಕೊರೆಯುತ್ತಿತ್ತು. ತಲೆಗೆ ಬಿದ್ದ ಏಟು ಸಣ್ಣದು. ಪುಡಿಯಲ್ಲಿ ಉಸಿರುಗಟ್ಟಿ ಸತ್ತದ್ದು. ತುಂಬ ಹೊತ್ತು ಬದುಕಿದ್ದ.

ಇಬ್ಬರೂ ಹಿಂಗೋಡೆಯವರೆಗೆ ಹೋದರು. ಅಲ್ಲಿಂದ ತಿರುಗಿ ನೋಡಿದವಳು ಹಾಗೇ ನಿಂತಳು.

ಇವಾನ್ಸ್ ನೇರವಾಗಿ ಬಂದಿದ್ದ. ರೊಡೆಲ್‌ನ ಕ್ಯಾನ್ವಾಸ್ ಹೆಜ್ಜೆಗಳೂ ನೇರವಾಗಿದ್ದವು, ಕೋಣೆಯ ನಡುವೆಯೇ ಹಾದಿದ್ದವು. ಅವಳ ಹೆಜ್ಜೆಗಳು ಮಾತ್ರ ನಡುವಿಗೆ ಬಂದೊಡನೆ ಬಳಸಿ ಸಾಗಿದ್ದವು. ಅವಳಿಗೇ ಗೊತ್ತಿಲ್ಲದೆ.

ಪಕ್ಕದಲ್ಲೇ ರಬ್ಬರ್ ಬೂಟಿನ ಹೆಜ್ಜೆಗಳು. ಅವೂ ಅಲ್ಲೇ ಬಳಸಿದ್ದವು. ಹೋಗುವಾಗಲೂ, ಬರುವಾಗಲೂ.

"ಇವಾನ್ಸ್," ಅವಳು ಹೆಜ್ಜೆಗಳಿಂದ ಕಣ್ಣು ಕೀಳದೆ ಕರೆದಳು. "ಡೆಲ್ಬರ್ಟ್ ಫ್ರೀಸನ್‌ನ ಕರ್ಕೊಂಡು ಬಾ."

* * *

ಡೆಲ್ಬರ್ಟ್ ಬಾಗಿಲಲ್ಲಿ ನಿಂತ. ಟ್ಯಾನಿಸ್ ಹಿಂಗೋಡೆಯ ಬೆಂಚಿನ ಮೇಲೆ ಕೂತಿದ್ದಳು, ಕೈಯಲ್ಲಿ ಮೈರನ್‌ನ ಟೋಪಿ.

"ಬನ್ನಿ ಅಂಕಲ್. ಇದನ್ನ ಅವನ ಹೆಂಡ್ತಿಗೆ ನೀವೇ ತಲುಪಿಸ್ಬೇಕು."

ಅವನು ನಡೆದು ಬಂದ. ಕೈ ಚಾಚಿದ. ಅವಳು ಟೋಪಿ ಕೊಡಲಿಲ್ಲ.

"ಹಿಂದೆ ತಿರುಗಿ ನೆಲ ನೋಡಿ."

ನೋಡಿದ. ಅವನ ಹೊಸ ಹೆಜ್ಜೆಗಳು ಬೂಟಿನ ಹೆಜ್ಜೆಗಳ ಪಕ್ಕದಲ್ಲೇ ಬಳಸಿಕೊಂಡು ಬಂದಿದ್ದವು.

"ಊರಲ್ಲಿ ಆಡಿದೋರು ನೂರು ಜನ ಇದ್ದಾರೆ ಕಣಮ್ಮ," ಅವನು ನಗಲು ನೋಡಿದ.

"ಇದ್ದಾರೆ. ಆದ್ರೆ ರೊಡೆಲ್ ಅಲ್ಲ. ಅವನು ಒಂಬತ್ತು ವರ್ಷದಿಂದ ಇದರ ಮೇಲೇ ನಿಂತು ಒರೆಸ್ತಾನೆ. ಕದ್ದಿದ್ದು ಪೈಪಿನ ತುಂಡು ಒಂದೇ. ಆಡಿಸನ್‌ಗೆ ಆ ತುಂಡು ಸಿಕ್ಕಿದ್ರೆ ಹಬ್ಬ, ಅವನ್ಯಾಕೆ ಮುಚ್ಚಿಡ್ತಾನೆ? ಕೊಟ್ಟಿಗೆ ತೆರೆದೇ ಇರ್ಬೇಕು ಅನ್ನೋರಿಗೆ ಅದು ಮಾಯ ಆಗ್ಬೇಕಿತ್ತು. ಸಭೆಗೆ ಮೊದಲು ಮೈರನ್ ಯಾರಿಗೆ ತೋರಿಸ್ತಾನೆ ಅಂಕಲ್? ಒಂದೇ ಬೆಂಚಲ್ಲಿ ಕೂತೋನಿಗೆ. ನಿಮ್ಮ ಗಾಡಿ ಹುಡುಕೋಕೆ ಇವಾನ್ಸ್ ಹೋಗಿದ್ದಾನೆ."

ಡೆಲ್ಬರ್ಟ್ ಬೆಂಚಿನ ಮೇಲೆ ಕುಸಿದ.

"ಕೊಲ್ಲೋಕೆ ಬಂದಿರ್ಲಿಲ್ಲ ಕಣೇ. ಒಂದು ವರ್ಷ ತಡಿ ಅಂದೆ. ಮುಚ್ಚಿದ್ರೆ ಮತ್ತೆ ತೆಗೆಯಲ್ಲ, ನಮ್ಮ ಹೆಸರೆಲ್ಲ ಈ ಗೋಡೆ ಮೇಲಿದೆ ಅಂದೆ. ಗೋಡೆ ಮುಖ್ಯಾನೋ ಮಕ್ಕಳು ಮುಖ್ಯಾನೋ ಅಂದ. ತಳ್ದೆ. ಕಪಾಟಿಗೆ ಬಿದ್ದ. ಓಡಿದೆ. ಪುಡಿ ಎಲ್ಲಾ ಕೂತ ಮೇಲೆ ಆ ತುಂಡು ನೆನಪಾಯ್ತು. ಬಾಗಿಲಲ್ಲಿ ರೊಡೆಲ್ ಬೂಟಿತ್ತು, ಹಾಕ್ಕೊಂಡು ಮತ್ತೆ ಒಳಗೆ ಬಂದೆ."

"ತುಂಡು ತೆಗೀವಾಗ ಉಸಿರಾಡ್ತಿದ್ನಾ?"

ಅವನು ಬಾಗಿ ತನ್ನ ಶೂಗಳ ಮೇಲಿನ ಪುಡಿ ಒರೆಸತೊಡಗಿದ.

"ಉಸಿರಾಡ್ತಿದ್ನಾ ಅಂಕಲ್?"

"ಕೈ ಅಲ್ಲಾಡ್ತಿತ್ತು."

"ಬಣ್ಣದ ಬಾತು, ಕಣ್ಣಿಗೂ ಕಾಣ್ತಿರ್ಲಿಲ್ಲ. ಅದನ್ನ ತುಳೀದೆ ಸುತ್ತಿ ಬಂದ್ರಿ. ಅವನನ್ನ ದಾಟಿಕೊಂಡು ಹೋದ್ರಿ."

ಬೇಲಿಯೇ ಎದ್ದು ಹೊಲ ಮೇಯ್ದಿತ್ತು. ಗಾಡಿಯ ಸೀಟಿನ ಕೆಳಗೆ ಪೈಪಿನ ತುಂಡು ಸಿಕ್ಕಿತು. ಹೆಬ್ಬೆರಳಿಂದ ಒತ್ತಿದರೆ ಪುಡಿಯಾಗುತ್ತಿತ್ತು.

* * *

ನಗರಸಭೆ ಕೊಟ್ಟಿಗೆಗೆ ಬೀಗ ಹಾಕಲು ತೀರ್ಮಾನಿಸಿತು. ಗೇಟಿನ ಮುಂದೆ ಹೂವಿನ ರಾಶಿ ಬಿತ್ತು. ಚೀಟಿಗಳಲ್ಲೆಲ್ಲ ಕೊಟ್ಟಿಗೆಗೆ ವಿದಾಯ. ಮೈರನ್ ಹೆಸರಿದ್ದ ಚೀಟಿ ಒಂದೋ ಎರಡೋ. ರೊಡೆಲ್‌ನ ಕ್ಷಮೆ ಕೇಳಲು ಯಾರೂ ಬರಲಿಲ್ಲ. ಕೋಣೆ ತೊಳೆದು ಬೀಗದ ಕೈ ಕೊಡು ಎಂದು ಮಾತ್ರ ಹೇಳಿ ಕಳಿಸಿದರು.

ಅವನು ತೊಳೆಯುತ್ತಿದ್ದಾಗ ಟ್ಯಾನಿಸ್ ಬಂದಳು. ಪುಡಿ ಕರಗಿ, ಹೆಬ್ಬಾತಿನ ರೆಕ್ಕೆ, ಕೊಕ್ಕು, ಕಣ್ಣು ಒಂದೊಂದಾಗಿ ಹೊರಬಂದಿದ್ದವು. ರೊಡೆಲ್ ಅದರ ಎದೆಯ ಮೇಲೆ ನಿಂತು ಒರೆಸುತ್ತಿದ್ದ.

"ಹೆಂಡ್ತಿ ಮಗಳು ಬರೋದು ಖಚಿತ ಆಯ್ತಂತೆ?"

"ಆಯ್ತು ಮೇಡಂ. ಕೆಲಸ ಹೋಯ್ತು. ಏನೋ ಒಂದು ನೋಡ್ಬೇಕು." ಅವನು ಕೈ ಒರೆಸಿಕೊಂಡು ಚಾಚಿದ. "ನೀವಿಲ್ದಿದ್ರೆ..."

ಕೈ ಕುಲುಕಲು ಅವಳು ಮುಂದೆ ಹೆಜ್ಜೆಯಿಟ್ಟಳು. ನೇರ ನಾಲ್ಕು ಹೆಜ್ಜೆ ಸಾಕಿತ್ತು. ನೇರವಾಗಿಯೇ ಹೋಗಬೇಕು ಅಂದುಕೊಂಡಳು, ಮೈರನ್‌ನನ್ನು ನೆನೆದುಕೊಂಡೇ ಹೊರಟಳು.

ಕಾಲು ಕೇಳಲಿಲ್ಲ. ರೆಕ್ಕೆಯ ತುದಿಗೆ ಬಂದು ನಿಂತುಬಿಟ್ಟಿತು.

ರೊಡೆಲ್ ಒಂದು ಗಳಿಗೆ ಅವಳ ಬೂಟನ್ನೇ ನೋಡಿದ. ಆಮೇಲೆ ಚಾಚಿದ ಕೈಯನ್ನು ಹಿಂದಕ್ಕೆ ತೆಗೆದುಕೊಂಡು, ಮತ್ತೆ ಒರೆಸತೊಡಗಿದ.